ಬಣ್ಣ ಒಣಗಲಿ

ಪರಾಗ್ವೆಯ ನಮ್ಮೂರಿನ ಬೋರ್ಡುಗಳನ್ನೆಲ್ಲ ಬರೆದವರು ದೊನ್ ಕ್ರಿಸ್ಪುಲೊ. ಅಕ್ಷರಗಳನ್ನು ಒಂದೇ ಬೆಳಗ್ಗೆ ಮುಗಿಸಿ, ಎನ್ ಅಕ್ಷರದ ನೆತ್ತಿಯ ಮೇಲೆ ಕೂತು ‘ನ’ವನ್ನು ‘ನ್ಯ’ ಮಾಡುವ ಅಲೆಯಂಥ ಗೆರೆಯನ್ನು ಮಾತ್ರ ಬಿಟ್ಟಿರುತ್ತಾರೆ. ಹೆಂಗಸರನ್ನು ಗೌರವದಿಂದ ‘ನ್ಯಾ’ ಎಂದು ಕರೆಯುವ ಊರಿನಲ್ಲಿ ಆ ಗೆರೆಯಿಲ್ಲದೆ ಅಂಗಡಿಯ ಹೆಸರು ಪೂರ್ತಿಯಾಗುವುದಿಲ್ಲ. ಸ್ಪ್ಯಾನಿಷ್ ಅದನ್ನು ಒಂದು ಅಕ್ಷರಕ್ಕೆ ಕೊಟ್ಟರೆ ನಮ್ಮ ಗ್ವಾರಾನಿ ಎಂಟಕ್ಕೆ ಕೊಡುತ್ತದೆ. ಹಾಗಾಗಿ ಗ್ವಾರಾನಿ ಬೋರ್ಡು ಸಿಕ್ಕಿತೆಂದರೆ ಅವರಿಗೆ ಹಬ್ಬ. ಚಿಪಾ ರೊಟ್ಟಿ ಮಾರುವ ನ್ಯಾ ತೊಮಾಸಾ ಸೊಂಟದ ಮೇಲೆ ಕೈಯಿಟ್ಟು, “ಏನ್ ದೊನ್ ಕ್ರಿಸ್ಪುಲೊ, ನನ್ ಹೆಸರನ್ನ ಬೋಳುತಲೇಲಿ ಬಿಟ್ಟು ಹೊರಟ್ರಾ?” ಎಂದರೆ, “ಬಣ್ಣ ಒಣಗಲಿ ತಾಯಿ” ಎನ್ನುತ್ತಾರೆ. ಒಗೆದ ಅಂಗಿ ಹಗ್ಗ ಮುಟ್ಟುವ ಮೊದಲೇ ಒಣಗುವ ಬಿಸಿಲು ನಮ್ಮದು. ಆದರೂ ಮೂರು ದಿನ ಬಂದು, ನೆರಳಲ್ಲಿ ಕೂತು, ಅವಳು ಕೊಟ್ಟ ತಣ್ಣನೆಯ ತೆರೆರೆ ಹೀರಿ, ಬೋರ್ಡನ್ನು ಬೆರಳಲ್ಲಿ ಮುಟ್ಟಿ ತಲೆಯಾಡಿಸಿ ಹೋಗುತ್ತಾರೆ. ನಾಲ್ಕನೆಯ ದಿನ ಗೆರೆ ಎಳೆದರೆಂದರೆ ಕೆಲಸ ಮುಗಿಯಿತು. ಮತ್ತೆ ಆ ಅಂಗಡಿಯ ಕಡೆ ತಲೆ ಹಾಕುವುದಿಲ್ಲ. ಸೋಮವಾರ ಸತ್ತವರ ದಿನ. ಅವತ್ತು ಅದೇ ಡಬ್ಬಿ, ಅದೇ ಕುಂಚ ಹಿಡಿದು ಸ್ಮಶಾನಕ್ಕೆ ಹೋಗುತ್ತಾರೆ. ಹೆಂಡತಿ ನ್ಯಾ ಬಾಸಿಲಿಯಾಳ ಶಿಲುಬೆಯ ಮೇಲೆ ಒಂಬತ್ತು ವರ್ಷದಿಂದ ಆ ಗೆರೆಯಿಲ್ಲ. ಕಾವಲುಗಾರ ಕೇಳಿದರೆ, ಅಕ್ಷರವನ್ನು ಬೆರಳಲ್ಲಿ ಮುಟ್ಟಿ ನೋಡಿ, “ಇನ್ನೂ ಒಣಗಿಲ್ಲಪ್ಪ” ಎನ್ನುತ್ತಾರೆ.