ಗೋಡೆಯ ಮೀಸೆ

ಬೀದಿಯವರೆಲ್ಲ ಅವಳನ್ನು ಹೊಲಿಗೆಯಕ್ಕ ಎನ್ನುತ್ತಿದ್ದರು. ಮದುವೆಯಾಗಿ ಬಂದಾಗಿನಿಂದ ಹಿಂದಿನ ಕೋಣೆಯೇ ಅವಳ ಜಾಗ. ಹಾಡುಹಗಲಲ್ಲೂ ಬಲ್ಬು ಉರಿಯಬೇಕು. ಈಚೆಗೆ ಕಪ್ಪು ಬಟ್ಟೆಯ ಮೇಲೆ ಕಪ್ಪು ದಾರ ಕಾಣುತ್ತಲೇ ಇರಲಿಲ್ಲ. ಒಂದು ಅಂಗಿಗೆ ತೋಳನ್ನು ತಿರುಗಾಮುರುಗಾ ಕೂರಿಸಿ ಬೈಸಿಕೊಂಡಿದ್ದಳು. ಹೀಗೇ ಆದರೆ ಹೊಲಿಗೆಯೇ ಕೈತಪ್ಪುತ್ತದೆಂದು ಹೆದರಿ, ಕಿಟಕಿ ಇಡಿಸಲು ಗಾರೆಯವನನ್ನು ಕರೆಸಿದಳು. ಗಂಡ "ನಿನ್ನಿಷ್ಟ" ಎಂದು ಕೆಲಸಕ್ಕೆ ಹೋದ.

ಗಾರೆಯವನು ಸ್ಟೂಲು ಸರಿಸಿ ಗೋಡೆಗೆ ಟಾರ್ಚು ಬಿಟ್ಟ. ಬಾಗಿಲಲ್ಲಿ ನಿಂತಿದ್ದ ಗಂಡನ ಸೋದರತ್ತೆ ಎದೆ ಹಿಡಿದುಕೊಂಡರು.

"ಅಯ್ಯೋ, ನಮ್ಮಣ್ಣ!"

ಗೋಡೆಯ ಮೇಲೊಂದು ದುಂಡು ಕಲೆ. ಎರಡು ಕಣ್ಣು, ಕೆಳಗೆ ಪೊದೆಮೀಸೆ. ಮೈದುನ ಓಡಿಬಂದ. "ಅಪ್ಪನೇ! ಅತ್ತಿಗೆ, ಈ ಗೋಡೆ ಮುಟ್ಟಿಸಬೇಡಿ."

"ಅದು ನನ್ನ ತಲೆಯೆಣ್ಣೆ ಕಣಪ್ಪ. ಸೊಂಟ ನೋವು ಬಂದಾಗ ಅಲ್ಲಿಗೇ ಒರಗ್ತೀನಿ. ಕಣ್ಣಲ್ಲ ಅದು, ಕತ್ತರಿ, ಟೇಪು ನೇತುಹಾಕ್ತಿದ್ದ ಮೊಳೆಗಳ ತೂತು."

"ಮತ್ತೆ ಮೀಸೆ?"

"ಮಿಷನ್ನಿಗೆ ಎಣ್ಣೆ ಬಿಟ್ಟು ಕೈ ಒರೆಸಿದ್ದು."

ಗಾರೆಯವನು ಕಿಸಕ್ಕನೆ ನಕ್ಕ. ಅತ್ತೆ ಜಗ್ಗಲಿಲ್ಲ. "ಇಷ್ಟಗಲ ಗೋಡೆ ಇರುವಾಗ ಅಲ್ಲೇ ಯಾಕೆ ಒರೆಸಿದೆ? ನಮ್ಮಣ್ಣನೇ ನಿನ್ನ ಕೈ ಹಿಡಿದು ಮಾಡಿಸಿದಾನೆ."

ಅವಳು ಕಲೆಯತ್ತ ತಿರುಗಿದಳು. ಆ ಕ್ಷಣ ಅವಳಿಗೂ ಕಂಡಿತು: ತೀರಿಹೋದ ಮಾವನ ಅದೇ ಗಲ್ಲ, ಊಟ ತಡವಾದರೆ ದಿಟ್ಟಿಸುತ್ತಿದ್ದ ಅದೇ ನೋಟ. ವರ್ಷಗಟ್ಟಲೆ ಒರಗಿ ಒರಗಿ ಮೂಡಿದ ತನ್ನ ದಣಿವಿನ ಗುರುತು ಅದು. ಅದರಲ್ಲೂ ಇವರಿಗೆ ಕಂಡದ್ದು ಮಾವನೇ!

"ಮನೆಯವರೆಲ್ಲ ಒಂದು ಮಾತಿಗೆ ಬನ್ನಿ, ಆಮೇಲೆ ಕರೀರಿ," ಎಂದು ಗಾರೆಯವನು ಸಾಮಾನು ಚೀಲಕ್ಕೆ ತುಂಬಹೋದ. ಅವನಿಗಿಂತ ಮೊದಲೇ ಅವಳು ಸುತ್ತಿಗೆ, ಉಳಿ ಎತ್ತಿಕೊಂಡಳು. ಉಳಿಯನ್ನು ಮೀಸೆಯ ನಟ್ಟನಡುವೆ ಇಟ್ಟಳು.

"ಏನೇ ಮಾಡ್ತಿದ್ದೀಯ?"

"ನಾನೆಲ್ಲಿ ಮಾಡ್ತಿದ್ದೀನಿ ಅತ್ತೆ? ಅವರೇ ಕೈ ಹಿಡಿದು ಮಾಡಿಸ್ತಿದ್ದಾರೆ."

ಮೊದಲ ಏಟಿಗೇ ಗಾರೆ ಉದುರಿತು.

ಕಿಟಕಿ ಬಂತು. ಮುನಿಸಿಕೊಂಡಿದ್ದ ಅತ್ತೆಯೂ ಕೊನೆಗೊಂದು ದಿನ ಹರಿದ ಅಂಗಿ ಹಿಡಿದು ಬಂದರು. ಬೆಳಕಿನಲ್ಲಿ ಬಿದ್ದಿದ್ದ ಚೂರುಬಟ್ಟೆಯ ರಾಶಿಯನ್ನೇ ನೋಡಿದರು.

"ಅಲ್ಲೇ, ಇದು ಯಾರದೋ ಮೂಗಿನ ಹಾಗೆ ಕಾಣ್ತಿದೆಯಲ್ಲ?"

ಅವಳು ಸೂಜಿಗೆ ಕಪ್ಪು ದಾರ ಪೋಣಿಸುತ್ತಿದ್ದಳು. "ಯಾರದಾದ್ರೂ ಇರಲಿ ಅತ್ತೆ. ನೀವು ಸ್ವಲ್ಪ ಆಚೆ ಸರೀರಿ, ಬೆಳಕಿಗೆ ಅಡ್ಡ."