ಸಾಕ್ಷಿಯಮ್ಮನ ಕಿವಿ

ಸಾಕ್ಷಿಯಮ್ಮ ಕಲ್ಲು ಮನಸ್ಸಿನ ಹೆಂಗಸು. ಇದನ್ನು ಮೆತ್ತಗೆ ಹೇಳಿ ಪ್ರಯೋಜನವಿಲ್ಲ. ಕಾಲವನ್ನೂ ಭವಿಷ್ಯವಾಣಿಯನ್ನೂ ಕಲಿಸುವ ಆ ವಿಶ್ವವಿದ್ಯಾಲಯದಲ್ಲಿ ಕುಲಪತಿಗಳಿಂದ ಹಿಡಿದು ಕಸ ಗುಡಿಸುವವರವರೆಗೆ ಎಲ್ಲರೂ ಒಪ್ಪುತ್ತಿದ್ದ ಮಾತು ಅದೊಂದೇ. ಉಳಿದ ಎಲ್ಲದರ ಬಗ್ಗೆಯೂ ಅಲ್ಲಿ ವಾದವಿತ್ತು, ನಿನ್ನೆ ಎಂಬುದು ನಿಜವಾಗಿ ಮುಗಿಯಿತೇ ಎಂಬುದರ ಬಗ್ಗೆಯೂ.

ಅವಳ ಕೆಲಸ ಕೇಳುವುದು. ದ್ರಷ್ಟಾರರು ನುಡಿದ ಮಾತ್ರಕ್ಕೆ ಭವಿಷ್ಯ ನಡೆದುಬಿಡುವುದಿಲ್ಲ. ಒಬ್ಬ ಸಾಕ್ಷಿ ಎದುರು ನಿಂತು ಕೊನೆಯವರೆಗೆ ಕೇಳಿ, ‘ಕೇಳಿದೆ’ ಎನ್ನಬೇಕು. ಆ ಮಾತು ಬಿದ್ದ ಮೇಲೆ ನುಡಿ ಗಟ್ಟಿಯಾಗುತ್ತದೆ. ಮತ್ತೆ ಯಾರಿಂದಲೂ ತಪ್ಪಿಸಲಾಗದು. ಸಾಕ್ಷಿ ಹಾಗೆನ್ನದಿದ್ದರೆ ಅದು ಗಾಳಿಪಾಲು, ಏಕೆಂದರೆ ಒಂದೇ ನಾಳೆಯನ್ನು ಯಾವ ದ್ರಷ್ಟಾರನೂ ಎರಡು ಸಲ ಹೇಳಲಾರ. ಹಿಂದಿನ ಸಾಕ್ಷಿ ಒಬ್ಬ ಮುದುಕ. ಒಂದು ದಿನ ಆತ ಅಂಗೈಯನ್ನು ಕಿವಿಯ ಹಿಂದೆ ಇಟ್ಟು, “ಆಂ?” ಅಂದ. ಅದೇ ಸಂಜೆ ಬೀಗದ ಕೈ ಕಸಿದುಕೊಂಡು, ಇರಲು ಕೊಟ್ಟಿದ್ದ ಮನೆ ಖಾಲಿ ಮಾಡಿಸಿ ಕಳಿಸಿದರು. ಆ ಜಾಗಕ್ಕೆ ಇವಳು ಬಂದಳು.

ಇವಳ ಕಿವಿಯ ಬಗ್ಗೆ ಯಾರಿಗೂ ದೂರಿರಲಿಲ್ಲ. ನಾಳೆಯ ವಿಭಾಗದ ಪಡಸಾಲೆಯಲ್ಲಿ ಹೆಜ್ಜೆ ಸದ್ದು ಮೊದಲು ಬರುತ್ತದೆ, ನಡೆಯುವವರು ಆಮೇಲೆ. ಬೆಳಿಗ್ಗೆ ಅಲ್ಲಿ ನಿಂತು, ಮಧ್ಯಾಹ್ನ ಯಾವ ಮೇಷ್ಟ್ರು ಕುಂಟುತ್ತ ಬರುತ್ತಾರೆಂದು ಅವಳು ಹೇಳುತ್ತಿದ್ದಳು. “ಅವಳೆದುರು ಮನಸ್ಸಲ್ಲೂ ಬೈಕೋಬೇಡ್ರಪ್ಪ” ಎಂದು ಗುಮಾಸ್ತರು ನಗುತ್ತಿದ್ದರು.

ಅವಳ ಗಂಡ ಅಲ್ಲೇ ಗಡಿಯಾರ ರಿಪೇರಿ ಮಾಡಿಕೊಂಡಿದ್ದ. ಒಮ್ಮೆ ಅವನ ಸಾವೇ ನುಡಿಯಲ್ಲಿ ಬಂತು. ಕುಲಸಚಿವರು ತಲೆ ತಗ್ಗಿಸಿದರು. ಅವಳು ‘ಕೇಳಿದೆ’ ಎಂದಳು. ಗೋಪುರದ ಏಣಿ ಜಾರಿ ಅವನು ಸತ್ತ. ಗಂಡನ ತಂಗಿ ಅಳುತ್ತ ಬಂದು ಕೇಳಿದಾಗ ಸಿಕ್ಕ ಉತ್ತರ ಇಷ್ಟೇ: “ಕಿವಿಗೆ ನೆಂಟರಿಲ್ಲ.”

ಆ ತಂಗಿಯ ಮಗಳೂ ಅಲ್ಲೇ ಓದುತ್ತಿದ್ದಳು, ಕೊನೆಯ ವರ್ಷ. ಇನ್ನೊಬ್ಬರ ನಾಳೆಗೆ ಕೈ ಹಾಕುವ ಪದವಿ ಬೇಕಾದರೆ ಮೊದಲು ತನ್ನ ನಾಳೆಯನ್ನು ನುಡಿಸಿಕೊಳ್ಳಬೇಕು. ಅದೇ ಕಡೆಯ ಪರೀಕ್ಷೆ. ಹೆದರಿ ಬಿಟ್ಟುಹೋದವರು ಗೇಟಿನಾಚೆಯ ಬೀದಿಯಲ್ಲಿ ದಾರಿಹೋಕರ ಕೈ ನೋಡಿ ಹೊಟ್ಟೆ ಹೊರೆಯುತ್ತಿದ್ದರು. ಹುಡುಗಿ ಬಿಡುವ ಜಾತಿಯವಳಲ್ಲ. ಅವಳ ಸರದಿಯ ದಿನ ಬೆಳಿಗ್ಗೆ ತಾಯಿ ಅವಳನ್ನು ದರದರ ಎಳೆದುಕೊಂಡು ಸಾಕ್ಷಿಯಮ್ಮನ ಅಡುಗೆಮನೆಗೆ ನುಗ್ಗಿದಳು.

“ಅತ್ತಿಗೆ, ಇವತ್ತು ಇವಳ್ದು.”

“ಗೊತ್ತು. ಬೋರ್ಡಲ್ಲಿ ಹಾಕಿದಾರೆ.” ಸಾಕ್ಷಿಯಮ್ಮ ಪಾತ್ರೆ ತಿಕ್ಕುತ್ತಿದ್ದಳು, ತಿರುಗಲಿಲ್ಲ.

“ಒಳ್ಳೇದು ಬಂದ್ರೆ ಸರಿ. ಏನಾದ್ರೂ ಹೆಚ್ಚುಕಮ್ಮಿ ಬಂತು ಅಂದ್ರೆ…”

“ಬಂದದ್ದು ಬರುತ್ತೆ.”

“ಅಣ್ಣನ್ನ ನುಂಗಿ ನೀರು ಕುಡಿದ್ರಿ. ಇದೊಂದನ್ನಾದ್ರೂ ಬಿಡಿ.”

“ನಿಮ್ಮಣ್ಣ ಹತ್ತಬೇಡ ಅಂದ ಏಣೀನೇ ಹುಡುಕ್ಕೊಂಡು ಹತ್ತೋ ಮನುಷ್ಯ. ಟೀ ಸೋಸಿಟ್ಟಿದೀನಿ, ಕುಡಿದು ಹೋಗು.”

“ಅಮ್ಮ, ಸಾಕು, ನಡಿ” ಎಂದಳು ಹುಡುಗಿ. ಅವಳಿಗೆ ನಾಚಿಕೆಯಿಂದ ಮುಖ ಬಿಸಿಯಾಗಿತ್ತು.

“ನೀನು ಸುಮ್ನಿರು. ಊರವರ ಹಣೇಬರಹ ಓದೋಕೆ ಕಲಿತೆ, ಎದುರಿಗಿರೋ ಮುಖ ಓದೋಕೆ ಕಲೀಲಿಲ್ಲ.” ತಾಯಿ ಟೀ ಮುಟ್ಟದೆ ಹೊರಗೆ ನಡೆದಳು.

ಸಾಕ್ಷಿಯಮ್ಮ ಆಗ ತಿರುಗಿ ಕೈ ಒರೆಸಿಕೊಂಡಳು. “ಹೆದ್ರಿಕೆನಾ?”

“ಇಲ್ಲ ಅತ್ತೆ.”

“ಸುಳ್ಳು. ನಿನ್ನ ಎದೆ ಹೊಡ್ಕೊಳ್ಳೋದು ಇಲ್ಲಿಗೆ ಕೇಳಿಸ್ತಿದೆ.”

ನುಡಿಮನೆ ದುಂಡನೆಯ ಕೋಣೆ, ಕಿಟಕಿ ಇಲ್ಲ. ನುಡಿ ಗಟ್ಟಿಯಾಗುವವರೆಗೆ ಪರೀಕ್ಷೆಗೆ ಕೂತವರು ಅದನ್ನು ಕೇಳಬಾರದು. ಹಾಗಾಗಿ ಸಾಕ್ಷಿಯಮ್ಮನೇ ಮೇಣದಲ್ಲಿ ಅದ್ದಿದ ಹತ್ತಿಯನ್ನು ಉಂಡೆ ಮಾಡಿ ಹುಡುಗಿಯ ಕಿವಿಗೆ ತುರುಕಿದಳು. ನೋವಾಗುವಷ್ಟು ಒತ್ತಿದಳು. ಲೋಕದ ಸದ್ದೆಲ್ಲ ಅಡಗಿತು. ಹುಡುಗಿಗೆ ತನ್ನ ಉಸಿರೊಂದೇ ಕೇಳುತ್ತಿತ್ತು.

ದ್ರಷ್ಟಾರರು ಅವಳಿಗೆ ಬೆನ್ನು ಹಾಕಿ ಕೂತರು. ಅವರೆದುರು ಬಾಗಿಲಿಗೆ ಒರಗದೆ ಅತ್ತೆ ನೆಟ್ಟಗೆ ನಿಂತಳು. ಪಕ್ಕದ ಕುರ್ಚಿಯಲ್ಲಿ ಕುಲಸಚಿವರು.

ಬೆನ್ನು ಅಲುಗಿತು, ಮಾತು ಶುರುವಾಗಿತ್ತು. ಹುಡುಗಿ ಅತ್ತೆಯ ಮುಖವನ್ನೇ ನೋಡಿದಳು. ಗೋಡೆ ನೋಡಿದಂತಾಯಿತು. ಕುಲಸಚಿವರ ಮುಖ ನೋಡಿದಳು. ಮೊದಲು ಅವರು ಆಕಳಿಸುತ್ತಿದ್ದರು. ಇದ್ದಕ್ಕಿದ್ದಂತೆ ಬಾಯಿ ಮುಚ್ಚಿ ಇವಳತ್ತ ಒಮ್ಮೆ ನೋಡಿದರು. ಆಮೇಲೆ ಕನ್ನಡಕ ತೆಗೆದು, ಧೂಳಿಲ್ಲದ ಗಾಜನ್ನು ಒರೆಸತೊಡಗಿದರು.

ಹುಡುಗಿಗೆ ಅಷ್ಟು ಸಾಕಾಯಿತು. ಬೆಂಚಿನ ಅಂಚನ್ನು ಬಿಗಿಯಾಗಿ ಹಿಡಿದಳು. ಎದ್ದು ಓಡಿದರೆ? ಓಡಿದವರ ನುಡಿಯೂ ಗಟ್ಟಿಯಾಗಿಯೇ ಆಗುತ್ತದೆಂದು ಅವಳೇ ಪಾಠದಲ್ಲಿ ಓದಿದ್ದಳು. ಬೆನ್ನು ಇನ್ನೂ ಅಲುಗುತ್ತಿತ್ತು. ಏಣಿಯೋ, ನೀರೋ, ಜ್ವರವೋ? ಯಾವ ವಯಸ್ಸಿಗೆ? ಅಮ್ಮ ಗೇಟಿನ ಹತ್ತಿರ ನಿಂತಿರುತ್ತಾಳೆ, ಹೋಗಿ ಏನೆಂದು ಹೇಳುವುದು?

ಬೆನ್ನು ನಿಂತಿತು. ದ್ರಷ್ಟಾರರು ತಲೆ ತಗ್ಗಿಸಿ ಕಾದರು.

ಈಗ ಆ ಒಂದು ಮಾತು. ಹುಡುಗಿ ಅತ್ತೆಯ ತುಟಿಯಿಂದ ಕಣ್ಣು ಕೀಳಲಿಲ್ಲ. ತುಟಿ ಬಿಗಿದೇ ಇತ್ತು. ಕುಲಸಚಿವರು ಕನ್ನಡಕ ಹಾಕಿಕೊಂಡು ಏನೋ ಕೇಳಿದರು. ಅತ್ತೆ ಅವರತ್ತ ನೋಡಲಿಲ್ಲ. ಒಂದು ಹೆಜ್ಜೆ ಮುಂದೆ ಬಂದು, ದ್ರಷ್ಟಾರರ ಕಡೆ ಬಾಗಿ, ಬಲಗೈಯನ್ನು ಎತ್ತಿ ಕಿವಿಯ ಹಿಂದೆ ಇಟ್ಟುಕೊಂಡಳು. ಕಿವುಡಿಯಂತೆ ಹುಬ್ಬು ಗಂಟಿಕ್ಕಿದಳು.

ಕುಲಸಚಿವರು ದಡಬಡಿಸಿ ಎದ್ದು ನಿಂತರು. ಕುರ್ಚಿ ಸದ್ದಿಲ್ಲದೆ ಹಿಂದಕ್ಕೆ ಉರುಳಿತು. ಅವರ ಬಾಯಿ ಜೋರಾಗಿ ಆಡುತ್ತಿತ್ತು, ಚಾಚಿದ ಅಂಗೈ ಏನನ್ನೋ ಕೇಳುತ್ತಿತ್ತು. ಅತ್ತೆ ಆಗಲೇ ಎಡಗೈಯಿಂದ ಸೊಂಟದ ಬೀಗದ ಕೈ ಬಿಚ್ಚುತ್ತಿದ್ದಳು. ಬಲಗೈ ಇನ್ನೂ ಕಿವಿಯ ಹಿಂದೆಯೇ ಇತ್ತು.