ಕೋಸಿನ ಮರಕ್ಕೆ ಹೇಳಿದ ಸುದ್ದಿ

ಈ ಮೇ ತಿಂಗಳ ಒಂದು ಸಂಜೆ ಬೆರ್ರಿಯೆಸಾ ರೈಲು ಸ್ಟೇಷನ್ನಿನಲ್ಲಿ ಇಳಿದು ಗೆಳತಿಯ ಮನೆಗೆ ನಡೆದು ಹೋಗುತ್ತಿದ್ದಾಗ ಆ ವಾಸನೆ ಬಂತು. ಜೇನಿನ ಸಿಹಿ, ಅದರ ಬೆನ್ನಿಗೇ ತಲೆ ಹಿಡಿಯುವಂಥ ಘಾಟು. ಕ್ಯಾಬೇಜ್ ಮರ ಹೂ ಬಿಟ್ಟ ವಾಸನೆ ಅದು. ಎಂಟು ವರ್ಷ ತುಂಬುವವರೆಗೂ ಅದರ ನೆರಳಿನಲ್ಲೇ ಬೆಳೆದವಳು ನಾನು. ಕಾಲುಗಳು ತಾವಾಗಿಯೇ ನಮ್ಮ ಹಳೆಯ ಮನೆಯ ಬೀದಿಗೆ ತಿರುಗಿದವು.

ಮಂಡ್ಯದ ಕಡೆಯ ನಮ್ಮ ಮನೆತನದಲ್ಲಿ ಮಗು ಹುಟ್ಟಿದರೆ ಅಂಗಳದಲ್ಲೊಂದು ತೆಂಗಿನ ಸಸಿ ನೆಟ್ಟು, ಮಗುವಿನ ಒಣಗಿ ಬಿದ್ದ ಹೊಕ್ಕುಳಬಳ್ಳಿಯನ್ನು ಅದರ ಬುಡದಲ್ಲಿ ಹೂಳುವುದು ರೂಢಿ. ನಾನು ಹುಟ್ಟಿದಾಗ ಅಪ್ಪನ ಅವ್ವ, ನನ್ನ ಅಜ್ಜಿ, ಬಾಣಂತನಕ್ಕೆಂದು ಊರಿನಿಂದ ಈ ಪರದೇಶಕ್ಕೆ ಬಂದಿದ್ದರು. ಸಸಿ ಬೇಕೇಬೇಕು ಎಂದು ಹಟ ಹಿಡಿದರು. ಇಲ್ಲಿಯ ಚಳಿಗೆ ತೆಂಗು ಎಲ್ಲಿ ಬದುಕುತ್ತದೆ? ಅಪ್ಪ ನರ್ಸರಿಯಲ್ಲೆಲ್ಲ ಸುತ್ತಿ, ಕತ್ತಿಯಂಥ ಎಲೆಗಳ ಗೊಂಚಲು ಹೊತ್ತ ಗಿಡವೊಂದನ್ನು ಕಂಡು, ಇದೂ ತೆಂಗಿನ ಜಾತಿಯೇ ಎಂದುಕೊಂಡು ಹೊತ್ತು ತಂದರು. ಕ್ಯಾಬೇಜ್ ಮರ ಎಂಬ ಹೆಸರು ಕೇಳಿದ ಅಜ್ಜಿ ಸೊಂಟದ ಮೇಲೆ ಕೈಯಿಟ್ಟರಂತೆ.

“ತೆಂಗಿನ ಸಸಿ ತತ್ತಾ ಅಂದ್ರೆ ಕೋಸಿನ ಗಿಡ ತಂದಿದ್ದೀಯಲ್ಲೋ! ಒಂದು ಪಲ್ಯಕ್ಕಾದ್ರೂ ಆಯ್ತದಾ ಇದು?”

“ತೆಂಗಿನ ತಮ್ಮ ಇದ್ದಂಗೆ ಕಣವ್ವ, ಬಿಡು,” ಎಂದರಂತೆ ಅಪ್ಪ. ಬಾಗಿಲಿನ ಎದುರಿಗೇ ಗುಂಡಿ ತೋಡಿದರು. ಅಜ್ಜಿ ಗೊಣಗುತ್ತಲೇ ನನ್ನ ಹೊಕ್ಕುಳಬಳ್ಳಿಯನ್ನು ಅಲ್ಲಿ ಹೂತರು.

ಆ ಕೋಸಿನ ಮರ ನನ್ನ ಜೊತೆಗೇ ಬೆಳೆಯಿತು, ನನಗಿಂತ ಬೇಗ ಬೆಳೆಯಿತು. ಮೊದಲ ಸಲ ಹೂ ಬಿಟ್ಟ ಮೇಲೆ ಅದರ ಒಂದು ತಲೆ ಎರಡಾಯಿತು. ಬೀದಿಯಲ್ಲಿ ಹೋಗುವವರು ನಿಂತು ಫೋಟೋ ತೆಗೆಯುತ್ತಿದ್ದರು, ನನಗೆ ಅದೊಂದು ಜಂಬ. ಉದುರಿದ ಎಲೆಗಳು ನಾರಿನಂತೆ ಹುಲ್ಲು ಕತ್ತರಿಸುವ ಯಂತ್ರಕ್ಕೆ ಸುತ್ತಿಕೊಂಡು ಅಪ್ಪನ ಶನಿವಾರಗಳನ್ನೆಲ್ಲ ಹಾಳು ಮಾಡುತ್ತಿದ್ದವು. ಅಜ್ಜಿ ಬಂದಾಗಲೆಲ್ಲ ಅದೇ ಎಲೆಗಳನ್ನು ತೊಡೆಯ ಮೇಲೆ ಹೊಸೆದು ಹಗ್ಗ ಮಾಡಿ, ಹಿತ್ತಲಿನ ಅವರೆಬಳ್ಳಿಗೆ ಕಟ್ಟುತ್ತಿದ್ದರು. ಮಲಗುವಾಗ ಅಪ್ಪ ಅದರ ಬಳಗದ ಕತೆ ಹೇಳುತ್ತಿದ್ದರು: ಅದರ ತವರಾದ ನ್ಯೂಜಿಲೆಂಡಿನ ಜೌಗು ನೆಲದಲ್ಲಿ, ಹಸು ಮೇಯುವ ಬಯಲಿನಲ್ಲಿ ಅವು ಒಂಟಿಯಾಗಿ ನಿಂತಿರುತ್ತವಂತೆ. ಸುತ್ತಲಿನ ಕಾಡೆಲ್ಲ ಕಡಿದವರು ಎಷ್ಟೋ ಕಡೆ ಅವನ್ನು ಮಾತ್ರ ಬಿಟ್ಟರಂತೆ. ಅಂಥ ಮರ ನನ್ನದು ಎಂದು ನೆಮ್ಮದಿಯಿಂದ ನಿದ್ದೆ ಹೋಗುತ್ತಿದ್ದೆ.

ನಾನು ಮೂರನೆಯ ಕ್ಲಾಸಿನಲ್ಲಿದ್ದಾಗ ಅಪ್ಪನ ಆಫೀಸು ಬದಲಾಯಿತು, ಮನೆ ಮಾರಿ ವಾಲ್ನಟ್ ಕ್ರೀಕಿಗೆ ಹೊರಟೆವು. ಸಾಮಾನು ಕಟ್ಟುವ ದಿನಗಳಲ್ಲಿ ನನ್ನನ್ನು ಸಾಂಟಾ ಕ್ಲಾರಾದ ಚಿಕ್ಕಮ್ಮನ ಮನೆಗೆ ಕಳಿಸಿದ್ದರು. ವಾಪಸು ಬಂದರೆ ಬಾಗಿಲಿನ ಎದುರು ಹೊಸ ಮಣ್ಣು ಹರಡಿತ್ತು, ಮರ ಇರಲಿಲ್ಲ.

“ನಿನ್ನ ಮರಾನೂ ನಮ್ ಜೊತೆ ಬರ್ತಿದೆ ಪುಟ್ಟಿ,” ಎಂದರು ಅಪ್ಪ. “ಅಪಾರ್ಟ್‌ಮೆಂಟಲ್ಲಿ ಜಾಗ ಇಲ್ವಲ್ಲ, ಅಲ್ಲಿ ಪಾರ್ಕಿಗೆ ಕೊಟ್ಟಿದ್ದೀನಿ. ಬೇರು, ಮಣ್ಣು ಎಲ್ಲಾ ಸಮೇತ.”

“ಪ್ರಾಮಿಸ್?”

“ಪ್ರಾಮಿಸು.”

ಪಾರ್ಕಿನಲ್ಲಿ ನಿಜಕ್ಕೂ ಮರವಿತ್ತು, ಎರಡು ತಲೆಯದು. ಪ್ರತಿ ಹುಟ್ಟುಹಬ್ಬಕ್ಕೂ ಅಪ್ಪ ಅಲ್ಲಿಗೆ ಕರೆದುಕೊಂಡು ಹೋಗುತ್ತಿದ್ದರು. ನಾನು ತಬ್ಬಿಕೊಂಡು ವರ್ಷದ ಸುದ್ದಿಯನ್ನೆಲ್ಲ ಒಪ್ಪಿಸುತ್ತಿದ್ದೆ. ಅಜ್ಜಿ ಹೋದಾಗ ಊರಿಗೆ ಹೋಗಲಾಗದೆ ಆ ಮರಕ್ಕೇ ಹಣೆ ಒತ್ತಿ ಅತ್ತೆ. ಅಪ್ಪ ಯಾವಾಗಲೂ ದೂರದ ಬೆಂಚಿನ ಹತ್ತಿರ, ಬೆನ್ನು ತಿರುಗಿಸಿ ನಿಂತಿರುತ್ತಿದ್ದರು. ಒಮ್ಮೆಯೂ ಮರವನ್ನು ಮುಟ್ಟಲಿಲ್ಲ. ನನ್ನ ಪಾಡಿಗೆ ನನ್ನನ್ನು ಬಿಡುತ್ತಿದ್ದಾರೆ ಎಂದುಕೊಂಡಿದ್ದೆ. ಹೋದ ವರ್ಷ ಅಪ್ಪ ತೀರಿಕೊಂಡಾಗಲೂ ಮೊದಲು ಓಡಿದ್ದು ಅಲ್ಲಿಗೇ.

ಈಗ ಹಳೆಯ ಮನೆಯ ಮುಂದೆ ನಿಂತೆ. ಬಾಗಿಲಿನ ಎದುರು, ಅದೇ ಜಾಗದಲ್ಲಿ, ಅಂದು ಹೊಸ ಮಣ್ಣಿನಡಿ ಅಡಗಿದ್ದ, ಗರಗಸದಿಂದ ಕೊಯ್ದ ಹಳೆಯ ಮೋಟು ಕಾಣುತ್ತಿತ್ತು. ಅದರ ಬುಡದಿಂದಲೇ ಚಿಗುರಿ ಎದ್ದ ಕಾಂಡಗಳು ಸೂರು ದಾಟಿ ಬೆಳೆದಿದ್ದವು, ಎಲ್ಲವೂ ಬಿಳಿ ಹೂವಿನಲ್ಲಿ ಮುಳುಗಿದ್ದವು. ಅಲ್ಲಿಂದಲೇ ಅಮ್ಮನಿಗೆ ಫೋನು ಮಾಡಿದೆ.

ನಾನು ಕಂಡದ್ದನ್ನು ಕೇಳಿ ಅಮ್ಮ ಹೇಳಿದರು: “ಮನೆ ತಗೊಂಡೋರು ನಮ್ ಕಡೆಯೋರೇ, ಹಾಸನದೋರು. ಬಾಗಿಲಿಗೆ ಎದುರು ಮರ ಇದ್ರೆ ವಾಸ್ತು ಸರಿಯಿಲ್ಲ, ಕಡಿಸಿಕೊಟ್ರೆ ತಗೋತೀವಿ ಅಂದ್ರು. ಆಮೇಲೆ ಅವ್ರೂ ಬೇರೆಯೋರಿಗೆ ಮಾರಿ ಹೋದ್ರಂತೆ. ನೀನು ಅಳ್ತೀಯ ಅಂತ ಅಪ್ಪ ಹಂಗೆ ಹೇಳಿಬಿಟ್ರು.”

“ಮತ್ತೆ ಪಾರ್ಕಿನ ಮರ?”

“ಅದು ಮೊದಲಿಂದಾನೂ ಅಲ್ಲೇ ಇತ್ತಮ್ಮ.”

ಸಿಟ್ಟು ಬಂತು. ಎಂಟು ವರ್ಷದ ಹುಡುಗಿ ಅತ್ತು ಮರೆಯಬಹುದಾಗಿದ್ದ ದುಃಖವನ್ನು ಅಪ್ಪ ಹೀಗೆ ಬಚ್ಚಿಟ್ಟು, ಕೇಳಲು ತಾವೇ ಇಲ್ಲದ ಹೊತ್ತಿಗೆ ನನ್ನ ಕೈಗಿಟ್ಟು ಹೋದರು. ಅವರು ಹೇಳಿದ ಬೇರೆ ಯಾವ ಮಾತನ್ನು ಈಗ ನಂಬಲಿ? ಇಷ್ಟು ವರ್ಷ ನಾನು ಒಪ್ಪಿಸಿದ ಸುದ್ದಿಯೆಲ್ಲ ಯಾರದೋ ಮರದ ಪಾಲಾಗಿತ್ತು, ನನ್ನ ಮರಕ್ಕೆ ಒಂದೂ ತಲುಪಿರಲಿಲ್ಲ.

ಮನೆಯವರು ಯಾರೂ ಕಾಣಲಿಲ್ಲ. ಹತ್ತಿರ ಹೋಗಿ ಒಂದು ಕಾಂಡದ ಮೇಲೆ ಕೈಯಿಟ್ಟೆ. ಅಜ್ಜಿ ಹೋದ ಸುದ್ದಿ ಹೇಳಿದೆ. ಅಪ್ಪನ ಸುದ್ದಿ ಹೇಳಲು ಬಾಯಿ ಬರಲಿಲ್ಲ.